ಗಂಧರಾಜ ಹಳದಿಯಾದಾಗ, ಮೊಗ್ಗು ಉದುರಿದಾಗ: ತಪ್ಪು ಎಲ್ಲಿದೆ ಅಂತ ಹುಡುಕುವುದು ಹೇಗೆ

ಶಿರಸಿ ಕಡೆ ನಮ್ಮ ಅತ್ತೆಯ ಹಿತ್ತಲಲ್ಲಿ, ಬಾವಿಕಟ್ಟೆಗೆ ಹತ್ತಿರ, ಒಂದು ಗಂಧರಾಜ ಇದೆ. ಯಾರೂ ಅದಕ್ಕೆ ಗೊಬ್ಬರ ಹಾಕಿದ್ದನ್ನು ನಾನು ನೋಡಿಲ್ಲ. ಮೇಲಿನ ಹಲಸಿನ ಮರದ ದರಗು, ಅಂದರೆ ಒಣಗಿದ ಎಲೆ, ಬಿದ್ದು ಬುಡದಲ್ಲಿ ಕೊಳೆಯುತ್ತದೆ, ಅಷ್ಟೆ. ಮುಂಗಾರು ಶುರುವಾಗುವ ಹೊತ್ತಿಗೆ ಗಿಡದ ತುಂಬಾ ಹೂ. ಸಂಜೆ ಜಗಲಿಯವರೆಗೂ ಪರಿಮಳ ಬರುತ್ತದೆ.

ಅದರದೇ ಒಂದು ಕಡ್ಡಿ ತಂದು ಬೆಂಗಳೂರಿನ ತಾರಸಿಯಲ್ಲಿ ಕುಂಡಕ್ಕೆ ನೆಟ್ಟೆ. ಮೊದಲ ವರ್ಷ ಚೆನ್ನಾಗಿತ್ತು. ಎರಡನೇ ವರ್ಷ ಚಿಗುರೆಲ್ಲ ನಿಂಬೆಹಣ್ಣಿನ ಬಣ್ಣಕ್ಕೆ ತಿರುಗಿತು. ಸಗಣಿ ಗೊಬ್ಬರ ಹಾಕಿದೆ. ಡಿಎಪಿ ಅನ್ನುವ ರಂಜಕದ ಗೊಬ್ಬರ ಹಾಕಿದೆ. ಮೆಗ್ನೀಸಿಯಂ ಇರುವ ಎಪ್ಸಮ್ ಸಾಲ್ಟ್ ಹಾಕಿದೆ. ಯಾರೋ ಹೇಳಿದರು ಅಂತ ಕಾಫಿ ಚರಟವನ್ನೂ ಸುರಿದೆ. ಗಿಡ ಇನ್ನಷ್ಟು ಹಳದಿಯಾಯಿತು, ಮೂಡಿದ ಮೊಗ್ಗೂ ಕಪ್ಪಾಗಿ ಉದುರಿತು. ಕೊನೆಗೆ ಅತ್ತೆಗೆ ಫೋನ್ ಮಾಡಿ, ಏನೇನು ಹಾಕಿದೆ ಅಂತ ಉದ್ದಕ್ಕೆ ಪಟ್ಟಿ ಒಪ್ಪಿಸಿದೆ. ಅವರು ಕೇಳಿದ್ದು ಒಂದೇ: "ತಮಾ, ಗೊಬ್ಬರದ ಮಾತು ಆಮೇಲೆ. ನೀರು ಯಾವ್ದು ಹಾಕ್ತೆ?"

ನಾನು ಹಾಕುತ್ತಿದ್ದದ್ದು ಅಡುಗೆಮನೆಯ ಆರ್‌ಓ ಫಿಲ್ಟರ್ ಹೊರಗೆ ಬಿಡುವ ನೀರು. ಸುಮ್ನೆ ಚರಂಡಿಗೆ ಹೋಗುತ್ತದಲ್ಲ, ಗಿಡಕ್ಕಾದರೂ ಆಗಲಿ ಎಂಬ ಉಳಿತಾಯದ ಬುದ್ಧಿ. ಅದರ ಕತೆ ಮುಂದೆ ಹೇಳುತ್ತೇನೆ. ಈ ಗಿಡದ ವಿಷಯದಲ್ಲಿ ಹುಡುಕುವ ಕ್ರಮ ಮುಖ್ಯ: ಮೊದಲು ಎಲೆ ನೋಡಿ, ಆಮೇಲೆ ನೀರು, ಆಮೇಲೆ ಬೇರು. ಗೊಬ್ಬರದ ಡಬ್ಬಿ ಕಡೆಗೆ.

ಮೊದಲು, ಇದು ಗಂಧರಾಜ ಹೌದೋ ಅಲ್ಲವೋ

ನಗಬೇಡಿ. "ಗಿಡ ಚೆನ್ನಾಗಿದೆ, ಹೂವೂ ಬಿಡುತ್ತೆ, ಆದರೆ ವಾಸನೆ ಇಲ್ಲ" ಅನ್ನುವ ದೂರು ನನಗೆ ಬಂದಾಗಲೆಲ್ಲ ನೋಡಿದರೆ ಅದು ನಂದಿಬಟ್ಟಲು. ಸುತ್ತು ದಳದ ನಂದಿಬಟ್ಟಲಿನ ಹೂವನ್ನು ದೂರದಿಂದ ನೋಡಿದರೆ ಗಂಧರಾಜದ ಹಾಗೇ ಕಾಣುತ್ತದೆ. ಒಂದು ಎಲೆ ಕಿತ್ತು ನೋಡಿ. ತೊಟ್ಟಿನಲ್ಲಿ ಬಿಳಿ ಹಾಲು ಬಂದರೆ ನಂದಿಬಟ್ಟಲು. ಗಂಧರಾಜಕ್ಕೆ ಹಾಲಿಲ್ಲ. ಅದರ ಎಲೆ ಎಣ್ಣೆ ಸವರಿದ ಹಾಗೆ ಹೊಳೆಯುತ್ತದೆ, ನರಗಳು ಒಳಕ್ಕೆ ಒತ್ತಿದ ಹಾಗಿರುತ್ತವೆ. ನಂದಿಬಟ್ಟಲು ಎಂಥ ನೀರಿಗೂ ಹೊಂದಿಕೊಳ್ಳುವ ಗಟ್ಟಿ ಗಿಡ. ನಿಮ್ಮದು ಅದಾಗಿದ್ದರೆ ಈ ಬರಹ ನಿಮಗೆ ಬೇಡ.

ನರ್ಸರಿಯಲ್ಲಿ ಇದನ್ನು ಗಾರ್ಡೇನಿಯಾ ಅಂತಲೇ ಕೇಳಿ. ಕೊಂಕಣಿಯವರು ಅನಂತ ಅನ್ನುತ್ತಾರೆ. ಗಾರ್ಡೇನಿಯಾ ಅನ್ನುವ ಹೆಸರಿಗೂ ಇಂಗ್ಲಿಷಿನ ಗಾರ್ಡನ್ನಿಗೂ ಸಂಬಂಧ ಇಲ್ಲ. ಅಮೆರಿಕದ ಚಾರ್ಲ್‌ಸ್ಟನ್‌ನಲ್ಲಿದ್ದ ಅಲೆಗ್ಸಾಂಡರ್ ಗಾರ್ಡನ್ ಎಂಬ ವೈದ್ಯರ ಹೆಸರನ್ನು 18ನೇ ಶತಮಾನದಲ್ಲಿ ಇದಕ್ಕೆ ಇಟ್ಟರು. ಗಿಡದ ಊರು ಮಾತ್ರ ದಕ್ಷಿಣ ಚೀನಾ ಮತ್ತು ಅದರ ಸುತ್ತಮುತ್ತ. ಮಳೆ ಜಾಸ್ತಿ, ಮಣ್ಣು ಹುಳಿ. ನಮ್ಮ ಮಲೆನಾಡಿನಲ್ಲೂ ಕರಾವಳಿಯಲ್ಲೂ ಇದು ಆರಾಮಾಗಿರುವುದು ಅದಕ್ಕೇ. ಮಳೆ ಸುಣ್ಣವನ್ನೆಲ್ಲ ತೊಳೆದುಕೊಂಡು ಹೋಗಿ ಉಳಿದ ಕೆಂಪು ಮಣ್ಣು ಅಲ್ಲಿಯದು.

ಯಾವ ಎಲೆ ಹಳದಿ? ಮೇಲಿನದೋ, ಕೆಳಗಿನದೋ

"ಎಲೆ ಹಳದಿ" ಅಂದರೆ ಅರ್ಧ ಮಾತು. ಡಾಕ್ಟರ ಹತ್ತಿರ ಹೋಗಿ "ನೋವು" ಅಂದ ಹಾಗೆ. ಎಲ್ಲಿ, ಹೇಗೆ ಅಂತ ಹೇಳಬೇಕು.

ತುದಿಯ ಚಿಗುರು ಹಳದಿ, ಆದರೆ ನರಗಳು ಮಾತ್ರ ಹಸಿರಾಗಿ ಬಲೆಯ ಹಾಗೆ ಎದ್ದು ಕಾಣುತ್ತಿವೆಯಾ? ಕೆಳಗಿನ ಹಳೇ ಎಲೆ ಇನ್ನೂ ಹಸಿರಾಗಿಯೇ ಇದೆಯಾ? ಇದು ಕಬ್ಬಿಣದ ಕೊರತೆ. ಬೆಂಗಳೂರಿನ ಕುಂಡಗಳಲ್ಲಿ ನಾನು ನೋಡಿದ್ದರಲ್ಲಿ ಹೆಚ್ಚಿನವು ಇದೇ. ಕಬ್ಬಿಣ ಗಿಡದೊಳಗೆ ಒಂದು ಸಲ ಎಲೆ ಸೇರಿದರೆ ಅಲ್ಲೇ ಕೂತುಬಿಡುತ್ತದೆ, ಹಳೇ ಎಲೆಯಿಂದ ಹೊಸ ಎಲೆಗೆ ಹೋಗುವುದಿಲ್ಲ. ಅದಕ್ಕೇ ಮೊದಲು ಸೊರಗುವುದು ಚಿಗುರು. ಜಾಸ್ತಿಯಾದರೆ ಚಿಗುರು ಹಾಲುಬಿಳುಪಾಗಿ ಅಂಚು ಸುಟ್ಟುಹೋಗುತ್ತದೆ.

ಇಲ್ಲಿ ಒಂದು ಮಾತು. ಕಬ್ಬಿಣದ ಕೊರತೆ ಅಂದರೆ ಮಣ್ಣಿನಲ್ಲಿ ಕಬ್ಬಿಣ ಇಲ್ಲ ಅಂತ ಅಲ್ಲ. ನಮ್ಮ ಕೆಂಪು ಮಣ್ಣಿಗೆ ಆ ಬಣ್ಣ ಬಂದಿರುವುದೇ ಕಬ್ಬಿಣದಿಂದ. ಪಿಎಚ್ ಅಂದರೆ ಹುಳಿಯ ಅಳತೆ, 7ಕ್ಕಿಂತ ಕಮ್ಮಿಯಾದಷ್ಟೂ ಹುಳಿ, ಜಾಸ್ತಿಯಾದಷ್ಟೂ ಕ್ಷಾರ. ಮಣ್ಣಿನ ಪಿಎಚ್ 5ರಿಂದ 6.5ರ ಒಳಗಿದ್ದರೆ ಗಂಧರಾಜದ ಬೇರು ಅದನ್ನು ಎಳೆದುಕೊಳ್ಳುತ್ತದೆ. 7 ದಾಟಿದರೆ ಕಬ್ಬಿಣ ಕರಗುವುದೇ ಇಲ್ಲ. ಎದುರಿಗೆ ಊಟ ಬಡಿಸಿದೆ, ಕೈ ಕಟ್ಟಿಹಾಕಿದ್ದಾರೆ, ಅಂಥ ಸ್ಥಿತಿ. ಆಗ ಗೊಬ್ಬರ ಹಾಕಿದರೆ ಬಡಿಸುವುದು ಜಾಸ್ತಿಯಾಗುತ್ತದೆ, ಕೈ ಕಟ್ಟಿದ್ದು ಹಾಗೇ ಇರುತ್ತದೆ. ಡಿಎಪಿಯಿಂದ ನನ್ನ ಗಿಡ ಇನ್ನೂ ಕೆಟ್ಟಿತು, ಯಾಕೆಂದರೆ ರಂಜಕ ಜಾಸ್ತಿಯಾದರೂ ಕಬ್ಬಿಣ ಸಿಗುವುದು ಕಮ್ಮಿಯಾಗುತ್ತದೆ.

ಹಳೇ ಎಲೆ ಹಳದಿ, ಚಿಗುರು ಹಸಿರು ಅಂದರೆ ಬೇರೆ ಕತೆ. ಎಲೆಯ ಅಂಚಿನಿಂದ ಹಳದಿ ಶುರುವಾಗಿ ತೊಟ್ಟಿನ ಹತ್ತಿರ ಬಾಣದ ಆಕಾರದಲ್ಲಿ ಹಸಿರು ಉಳಿದಿದ್ದರೆ ಮೆಗ್ನೀಸಿಯಂ ಕಮ್ಮಿ. ಎಪ್ಸಮ್ ಸಾಲ್ಟ್ ಕೆಲಸ ಮಾಡುವುದು ಇಲ್ಲಿ, ಇಲ್ಲಿ ಮಾತ್ರ. ಲೀಟರ್ ನೀರಿಗೆ ಒಂದು ಟೀ ಚಮಚ, ತಿಂಗಳಿಗೊಮ್ಮೆ. ಒಲೆಯ ಬೂದಿ ಹಾಕುವ ಅಭ್ಯಾಸ ಇದ್ದರೆ ಬಿಡಿ. ಬೂದಿಯ ಪೊಟ್ಯಾಶ್ ಮೆಗ್ನೀಸಿಯಂಗೆ ಅಡ್ಡ ಬರುತ್ತದೆ, ಮೇಲಿಂದ ಅದು ಸುಣ್ಣದ ಹಾಗೆ ಹುಳಿಯನ್ನೂ ಕೊಲ್ಲುತ್ತದೆ. ಇಡೀ ಎಲೆ ಒಂದೇ ಸಮನೆ ಮಂಕಾಗಿ ತಿಳಿಹಳದಿಯಾಗಿದ್ದರೆ ಸಾರಜನಕ ಕಮ್ಮಿ. ಅದು ಸುಲಭ. ಚೆನ್ನಾಗಿ ಕಳಿತ ಎಲೆಗೊಬ್ಬರ ಅಥವಾ ಎರೆಗೊಬ್ಬರ ಎರಡು ಹಿಡಿ ಸಾಕು.

ಒಳಗಡೆಯ ಎರಡು ಮೂರು ಹಳೇ ಎಲೆ ಕಡುಹಳದಿಯಾಗಿ ಉದುರಿದರೆ, ಅದರಲ್ಲೂ ಹೊಸ ಚಿಗುರು ಬರುವ ಮುಂಚೆ, ಏನೂ ಮಾಡಬೇಡಿ. ಗಿಡ ಹಳೇ ಬಟ್ಟೆ ಬಿಚ್ಚಿ ಹಾಕುತ್ತಿದೆ.

ಮೇಲೂ ಹಳದಿ, ಕೆಳಗೂ ಹಳದಿ, ಜೊತೆಗೆ ಗಿಡ ಬಾಡಿದ ಹಾಗಿದೆ, ಆದರೆ ಮಣ್ಣು ಮುಟ್ಟಿದರೆ ಒದ್ದೆ? ನೀರಿನ ಭಾಗ ಬಿಟ್ಟು ನೇರ ಬೇರಿನ ಭಾಗಕ್ಕೆ ಹೋಗಿ.

ನೀರು

ಆರ್‌ಓ ಫಿಲ್ಟರ್ ಮಾಡುವ ಕೆಲಸ ಏನು? ನೀರಿನ ಉಪ್ಪು, ಸುಣ್ಣವನ್ನೆಲ್ಲ ಒಂದು ಕಡೆಗೆ ತಳ್ಳಿ ಶುದ್ಧ ನೀರನ್ನು ನಮಗೆ ಕೊಡುವುದು. ಹಾಗೆ ತಳ್ಳಿದ್ದೆಲ್ಲ ಹೊರಗೆ ಬಿಡುವ ನೀರಿನಲ್ಲಿರುತ್ತದೆ. ಅಂದರೆ ಬೋರ್‌ವೆಲ್ ನೀರಿಗಿಂತಲೂ ಗಡಸು. ನಾನು ಒಂದು ವರ್ಷ ಗಂಧರಾಜಕ್ಕೆ ಸುಣ್ಣದ ಕಷಾಯ ಕುಡಿಸಿದ್ದೆ. ಆ ನೀರು ನೆಲ ಒರೆಸೋದಕ್ಕೆ ಇರಲಿ, ಈ ಗಿಡಕ್ಕೆ ಬೇಡ.

ನಿಮ್ಮ ನೀರು ಗಡಸೋ ಅಲ್ಲವೋ ಅಂತ ತಿಳಿಯೋದಕ್ಕೆ ಲ್ಯಾಬ್ ಬೇಡ. ಗೀಸರ್ ಕಾಯಿಲ್, ಶವರ್ ತೂತು, ಬಕೆಟ್ ಅಂಚು ನೋಡಿ. ಬಿಳಿ ಹೆಪ್ಪು ಕಟ್ಟಿದ್ದರೆ ಗಡಸು ನೀರು. ಕುಂಡದ ಅಂಚಿನಲ್ಲಿ, ಮಣ್ಣಿನ ಮೇಲೆ ಅಂಥದೇ ಬಿಳಿ ಪದರ ಕಂಡರೆ ಸಾಕ್ಷಿ ಇನ್ನೂ ಗಟ್ಟಿ. ಇನ್ನೊಂದು ಪರೀಕ್ಷೆ ಇದೆ. ಕುಂಡದ ಮಣ್ಣು ಒಂದು ಚಮಚ ತೆಗೆದು ಒಣಗಿಸಿ ಅದರ ಮೇಲೆ ವಿನೆಗರ್ ಹಾಕಿ. ಬುಸ್ ಅಂತ ನೊರೆ ಎದ್ದರೆ ಮಣ್ಣಿನಲ್ಲಿ ಸುಣ್ಣ ಕೂತಿದೆ. ನೊರೆ ಬಾರದಿದ್ದರೆ ಎಲ್ಲ ಸರಿಯಿದೆ ಅಂತಲೂ ಅಲ್ಲ, ಅಷ್ಟು ಜಾಸ್ತಿ ಸುಣ್ಣ ಇಲ್ಲ ಅಂತ ಮಾತ್ರ.

ಸ್ವಲ್ಪ ನಿಖರವಾಗಿ ಬೇಕು ಅನ್ನುವವರು ಮೀನಿನ ತೊಟ್ಟಿ ಸಾಮಾನು ಮಾರುವ ಅಂಗಡಿಗೆ ಹೋಗಿ. ಅಲ್ಲಿ ಕೆಎಚ್, ಅಂದರೆ ನೀರಿನ ಕ್ಷಾರ ಅಳೆಯುವ ಪರೀಕ್ಷೆಯ ಕಿಟ್ ಸಿಗುತ್ತದೆ. ನೀರಿಗೆ ಹನಿ ಹನಿ ಹಾಕಿ, ಬಣ್ಣ ಬದಲಾಗುವವರೆಗೆ ಎಣಿಸುವುದು. 8 ದಾಟಿತು ಅಂದರೆ ಲೀಟರಿಗೆ ಸುಮಾರು 150 ಮಿಲಿಗ್ರಾಂ ಕ್ಷಾರ. ಕುಂಡದ ಗಂಧರಾಜಕ್ಕೆ ಅದು ತೊಂದರೆ. ಬರೀ ಪಿಎಚ್ ನೋಡಿದರೆ ಸಾಲದು, ಟಿಡಿಎಸ್ ಮೀಟರನ್ನೂ ನಂಬಿ ಕೂರಬೇಡಿ. ಟಿಡಿಎಸ್ ಎಲ್ಲ ಉಪ್ಪನ್ನೂ ಒಟ್ಟಿಗೆ ಎಣಿಸುತ್ತದೆ. ನಮಗೆ ಬೇಕಾದ ಲೆಕ್ಕ ಕ್ಷಾರದ್ದು.

ಹಾಗಾದರೆ ಯಾವ ನೀರು? ಮಳೆ ನೀರಿಗಿಂತ ಒಳ್ಳೆಯದು ಬೇರೆ ಇಲ್ಲ. ತಾರಸಿಯ ಪೈಪಿಗೆ ಒಂದು ಡ್ರಮ್ ಇಟ್ಟು ಸೊಳ್ಳೆ ಪರದೆ ಕಟ್ಟಿದರೆ ಒಂದೆರಡು ಗಿಡಕ್ಕೆ ಬಹಳ ದಿನ ಬರುತ್ತದೆ. ಎಸಿಯಿಂದ ತೊಟ್ಟಿಕ್ಕುವ ನೀರು ಕೂಡ ಒಳ್ಳೆಯದು, ಅದು ಗಾಳಿಯ ತೇವ ನೀರಾಗಿ ಬಂದದ್ದು, ಸುಣ್ಣ ಇಲ್ಲ. ಕಾವೇರಿ ನೀರು ಬರುವವರು ಬೋರ್‌ವೆಲ್‌ನವರಿಗಿಂತ ಅದೃಷ್ಟವಂತರು. ಟ್ಯಾಂಕರ್ ನೀರು ತರಿಸುವವರು ಪ್ರತಿ ಸಲ ನೋಡಬೇಕು, ಅದು ಯಾವ ಬೋರ್‌ವೆಲ್ಲಿನದೋ! ಸಾಫ್ಟನರ್ ಹಾಕಿದ ಮನೆಯವರು ಖುಷಿಪಡಬೇಡಿ. ಸುಣ್ಣ ತೆಗೆದು ಸೋಡಿಯಂ ಸೇರಿಸಿದ ನೀರು ಅದು. ಕ್ಷಾರ ಹಾಗೇ ಉಳಿದಿರುತ್ತದೆ.

ಬೇರೆ ಗತಿಯಿಲ್ಲ, ಬೋರ್‌ವೆಲ್ ನೀರೇ ಅನ್ನುವವರು ನಿಂಬೆ ಉಪ್ಪು (ಸಿಟ್ರಿಕ್ ಆಸಿಡ್) ಸೇರಿಸಬಹುದು. 10 ಲೀಟರ್ ಬಕೆಟ್ಟಿಗೆ 2 ಗ್ರಾಂನಿಂದ ಶುರುಮಾಡಿ, ಅಂದರೆ ಅರ್ಧ ಟೀ ಚಮಚ. ಕಲಕಿ ಪಿಎಚ್ ಕಾಗದ ಅದ್ದಿ. 6ರ ಹತ್ತಿರ ಬಂದರೆ ಸಾಕು. ಇನ್ನೂ ಹುಳಿ ಮಾಡಿದರೆ ಬೇರಿಗೆ ಕಷ್ಟ. ಇದು ಮಳೆ ಬರುವವರೆಗಿನ ಏರ್ಪಾಟು ಅಂತ ತಿಳಿಯಿರಿ.

ನೆಲದಲ್ಲಿ ನೆಟ್ಟವರಿಗೆ ಒಂದು ಎಚ್ಚರಿಕೆ. ಹೊಸ ಮನೆ ಕಟ್ಟಿ ಗೋಡೆ ಪಕ್ಕದಲ್ಲೇ ಗಂಧರಾಜ ನೆಟ್ಟಿದ್ದೀರಾ? ಒಂದು ಅಡಿ ಅಗೆದು ನೋಡಿ. ಸಿಮೆಂಟ್ ಹೆಂಟೆ, ಗಾರೆ ಚೂರು, ಜಲ್ಲಿ ಪುಡಿ ಸಿಗುತ್ತದೆ. ನಮ್ಮ ಪಕ್ಕದ ಬೀದಿಯಲ್ಲಿ ಒಬ್ಬರು ನಾಲ್ಕು ವರ್ಷ ಅಂಥ ಗಿಡಕ್ಕೆ ಗೊಬ್ಬರ ಹಾಕಿ ಹಾಕಿ ಸೋತಿದ್ದರು. ಎರಡು ಅಡಿ ದೂರಕ್ಕೆ ಕಿತ್ತು ನೆಟ್ಟ ಮೇಲೆ ಸರಿಹೋಯಿತು. ಕುಂಡಕ್ಕೆ ಸುಣ್ಣ ಬಳಿಯುವುದು, ಮೊಟ್ಟೆ ಸಿಪ್ಪೆ ಹಾಕುವುದು ಕೂಡ ಈ ಗಿಡಕ್ಕೆ ಬೇಡ. ಕಾಫಿ ಚರಟ ಹುಳಿ ಅಂತ ಎಲ್ಲರೂ ಹೇಳುತ್ತಾರೆ. ಡಿಕಾಕ್ಷನ್ ಇಳಿಸುವಾಗಲೇ ಹುಳಿಯಲ್ಲಿ ಹೆಚ್ಚಿನದು ಲೋಟಕ್ಕೆ ಹೋಗಿರುತ್ತದೆ, ಚರಟದಲ್ಲಿ ಉಳಿಯುವುದು ಕಮ್ಮಿ. ಕಾಂಪೋಸ್ಟ್ ಗುಂಡಿಗೆ ಹಾಕಿ.

ಕಬ್ಬಿಣ ಕೊಡುವುದು

ನೀರು ಸರಿಮಾಡಿದ ಮೇಲೆ ಮಾತ್ರ ಇದಕ್ಕೆ ಅರ್ಥ. ಗೊಬ್ಬರದ ಅಂಗಡಿಯಲ್ಲಿ ಫೆರಸ್ ಸಲ್ಫೇಟ್ ಕೇಳಿ. ನಮ್ಮ ಹಿರಿಯರು ಅನ್ನಭೇದಿ ಅನ್ನುತ್ತಿದ್ದದ್ದು ಇದನ್ನೇ. ತಿಳಿಹಸಿರು ಹರಳಾಗಿರಬೇಕು. ಕಂದು ಪುಡಿಯಾಗಿದ್ದರೆ ತುಕ್ಕು ಹಿಡಿದಿದೆ, ತರಬೇಡಿ. ಲೀಟರ್ ಮಳೆ ನೀರಿಗೆ 2 ಗ್ರಾಂ ಅನ್ನಭೇದಿ, 1 ಗ್ರಾಂ ನಿಂಬೆ ಉಪ್ಪು. ನಿಂಬೆ ಉಪ್ಪು ಮೊದಲು ಕರಗಿಸಿ. ಸಂಜೆ ಎಲೆಗೆ ಸಿಂಪಡಿಸಿ, ಹತ್ತು ದಿನ ಬಿಟ್ಟು ಮತ್ತೊಮ್ಮೆ. ಗಡಸು ನೀರಿನಲ್ಲಿ ಕಲಸಿದರೆ ಕಣ್ಣೆದುರೇ ತುಕ್ಕಿನ ಬಣ್ಣಕ್ಕೆ ತಿರುಗುತ್ತದೆ, ಆಮೇಲೆ ಅದು ದಂಡ. ತಾರಸಿಯ ಟೈಲ್ಸ್ ಮೇಲೆ ಬೀಳದ ಹಾಗೆ ನೋಡಿಕೊಳ್ಳಿ. ಆ ಕಲೆ ಹೋಗುವುದಿಲ್ಲ. ಮನೆ ಮಾಲೀಕರು ಅದನ್ನು ನನಗೆ ಇನ್ನೂ ಜ್ಞಾಪಿಸುತ್ತಿರುತ್ತಾರೆ.

ಸಿಂಪಡಣೆ ತುರ್ತು ಚಿಕಿತ್ಸೆ. ಮಣ್ಣಿಗೆ ಕೊಡುವುದಾದರೆ ಕೀಲೇಟ್ ರೂಪದ ಕಬ್ಬಿಣ ಬೇಕು, ಅಂದರೆ ಮಣ್ಣಿನಲ್ಲಿ ಗಟ್ಟಿಯಾಗದ ಹಾಗೆ ಇನ್ನೊಂದು ವಸ್ತು ಹಿಡಿದಿಟ್ಟುಕೊಂಡಿರುವ ಕಬ್ಬಿಣ, ಅದರಲ್ಲೂ ಪೊಟ್ಟಣದ ಮೇಲೆ ಏನು ಬರೆದಿದೆ ಅಂತ ಓದಬೇಕು. ಸುಲಭವಾಗಿ, ಅಗ್ಗಕ್ಕೆ ಸಿಗುವುದು ಇಡಿಟಿಎ. ಅದು ಹುಳಿ ಮಣ್ಣಿಗೆ ಸರಿ, ಪಿಎಚ್ 6.5 ದಾಟಿದರೆ ಕೈಬಿಡುತ್ತದೆ. ಸುಣ್ಣದ ಮಣ್ಣಿಗೆ ಇಡಿಡಿಎಚ್‌ಎ ಬೇಕು. ರೇಟು ಜಾಸ್ತಿ, ಆದರೆ 12 ಇಂಚಿನ ಕುಂಡಕ್ಕೆ 1 ಗ್ರಾಂ ಸಾಕು. ನೀರಿಗೆ ಹಾಕಿದರೆ ಕಡುಕೆಂಪು ಬಣ್ಣ ಬರುತ್ತದೆ. ಇದನ್ನು ಎಲೆಗೆ ಹೊಡೆಯಬೇಡಿ, ಬಿಸಿಲಿಗೆ ಹಾಳಾಗುತ್ತದೆ. ಬುಡಕ್ಕೆ ಹಾಕಿ.

ಒಮ್ಮೆ ಹಳದಿಯಾದ ಎಲೆ ಪೂರ್ತಿ ಹಸಿರಾಗದೇ ಇರಬಹುದು. ಅದನ್ನು ನೋಡಿ ಬೇಸರ ಬೇಡ. ಮುಂದಿನ ಚಿಗುರು ಯಾವ ಬಣ್ಣದಲ್ಲಿ ಬರುತ್ತದೆ ಅನ್ನುವುದೇ ಲೆಕ್ಕ. ನನ್ನ ಗಿಡದಲ್ಲಿ ಆರು ವಾರ ಹಿಡಿಯಿತು. ಡಿಸೆಂಬರ್, ಜನವರಿಯ ಚಳಿಯಲ್ಲಿ ಮಣ್ಣು ತಣ್ಣಗಿರುವಾಗ ಬೇರು ಕಬ್ಬಿಣ ಎಳೆಯುವುದೇ ನಿಧಾನ. ಆಗ ಸ್ವಲ್ಪ ಹಳದಿ ಕಂಡರೆ ಔಷಧಿ ಡಬ್ಬಿ ಹಿಡಿದು ಓಡಬೇಡಿ.

ಬೇರು

ಕುಂಡವನ್ನು ಅಡ್ಡ ಮಲಗಿಸಿ, ತಟ್ಟಿ, ಗಿಡವನ್ನು ಮಣ್ಣಿನ ಉಂಡೆ ಸಮೇತ ಈಚೆ ಎಳೆಯಿರಿ. ಭಯ ಬೇಡ, ಉಂಡೆ ಒಡೆಯದಿದ್ದರೆ ಗಿಡಕ್ಕೆ ಗೊತ್ತೇ ಆಗುವುದಿಲ್ಲ. ಬೇರಿನ ತುದಿ ಬಿಳಿ ಅಥವಾ ಕೆನೆ ಬಣ್ಣ ಇದ್ದರೆ ಹಾಗೇ ವಾಪಸ್ ಇಡಿ. ಕಂದಾಗಿ, ಎಳೆದರೆ ಸಿಪ್ಪೆ ಜಾರಿ ಬರುವ ಹಾಗಿದ್ದರೆ, ಚರಂಡಿ ವಾಸನೆ ಬಂದರೆ, ಬೇರು ಕೊಳೆಯುತ್ತಿದೆ. ಕೊಳೆತದ್ದನ್ನು ಕತ್ತರಿಸಿ, ಹೊಸ ಮಣ್ಣಿಗೆ ಹಾಕಿ, ಮೇಲಿನ ರೆಂಬೆಗಳನ್ನೂ ಮೂರನೇ ಒಂದು ಪಾಲು ಸವರಿ ನೆರಳಲ್ಲಿಡಿ. ಕುಂಡ ದೊಡ್ಡದು ಬೇಡ. ಚಿಕ್ಕ ಬೇರಿಗೆ ದೊಡ್ಡ ಕುಂಡ ಕೊಟ್ಟರೆ ಮಣ್ಣು ಒಣಗುವುದೇ ಇಲ್ಲ, ಮತ್ತೆ ಕೊಳೆಯುತ್ತದೆ.

ಮಣ್ಣಿನ ಮಿಶ್ರಣ ನನ್ನದು ಹೀಗೆ: ಕೆಂಪು ಮಣ್ಣು, ಎಲೆಗೊಬ್ಬರ, ಕೊಕೊಪೀಟ್ (ತೆಂಗಿನ ನಾರಿನ ಪುಡಿ) ಸಮ ಸಮ, ಜೊತೆಗೆ ಎರಡು ಹಿಡಿ ಬೇವಿನ ಹಿಂಡಿ. ಕೊಕೊಪೀಟನ್ನು ಎರಡು ಮೂರು ಸಲ ನೀರಲ್ಲಿ ತೊಳೆದು ಹಿಂಡಿ, ಉಪ್ಪಿರುತ್ತದೆ. ಊರಿಂದ ಬರುವಾಗ ಒಂದು ಚೀಲ ಕೊಳೆತ ದರಗು ತರಲು ಸಾಧ್ಯವಾದರೆ ಅದಕ್ಕಿಂತ ಒಳ್ಳೆಯದು ಯಾವ ಅಂಗಡಿಯಲ್ಲೂ ಇಲ್ಲ.

ಬೇರಿನ ಮೇಲೆ ಮಣಿ ಪೋಣಿಸಿದ ಹಾಗೆ ಗಂಟುಗಳಿದ್ದರೆ ಅದು ಬೇರುಗಂಟು ಜಂತುಹುಳು. ಕಣ್ಣಿಗೆ ಕಾಣುವುದಿಲ್ಲ. ಗಿಡ ಮಧ್ಯಾಹ್ನ ಬಾಡುತ್ತದೆ, ಬೆಳೆಯುವುದಿಲ್ಲ, ಏನು ಕೊಟ್ಟರೂ ಹಿಡಿಯುವುದಿಲ್ಲ. ಬೇವಿನ ಹಿಂಡಿಯಿಂದ ತಡೆಯಬಹುದು, ಪೂರ್ತಿ ಓಡಿಸುವುದು ಕಷ್ಟ. ಜಾಸ್ತಿ ಗಂಟಿದ್ದರೆ ಗಿಡವನ್ನೂ ಮಣ್ಣನ್ನೂ ಎಸೆದುಬಿಡಿ. ಆ ಮಣ್ಣನ್ನು ಟೊಮ್ಯಾಟೊ ಕುಂಡಕ್ಕೆ ಹಾಕಿ ಉಳಿಸುತ್ತೇನೆ ಅಂತ ಹೋಗಬೇಡಿ. ಟೊಮ್ಯಾಟೊಗೂ ಅದೇ ಹುಳ.

ಮೊಗ್ಗು ಉದುರುವುದು

ಇದು ಎಲ್ಲಕ್ಕಿಂತ ಹೊಟ್ಟೆ ಉರಿಸುವ ತೊಂದರೆ. ಮೊಗ್ಗು ಬೆರಳಿನಷ್ಟು ಉದ್ದ ಬೆಳೆದು, ನಾಳೆ ಅರಳುತ್ತೆ ಅನ್ನುವ ದಿನ ಕಪ್ಪಾಗಿ ಬಿದ್ದಿರುತ್ತದೆ.

ಮೊದಲು ನಿಮ್ಮನ್ನೇ ಕೇಳಿಕೊಳ್ಳಿ: ಕಳೆದ ಎರಡು ಮೂರು ವಾರದಲ್ಲಿ ಕುಂಡ ಜರುಗಿಸಿದಿರಾ? ನರ್ಸರಿಯಿಂದ ಮೊಗ್ಗು ತುಂಬಿದ ಗಿಡ ತಂದರೆ ಹೆಚ್ಚಿನ ಮೊಗ್ಗು ಉದುರುವುದು ಮಾಮೂಲು. ಜಾಗ, ಬೆಳಕು, ಗಾಳಿಯ ತೇವ ಒಟ್ಟಿಗೆ ಬದಲಾದರೆ ಗಿಡ ಮೊದಲು ಕೈಬಿಡುವುದು ಮೊಗ್ಗನ್ನೇ. ನರ್ಸರಿಯವರನ್ನು ಬೈಯಬೇಡಿ, ಮುಂದಿನ ಸಲ ಮೊಗ್ಗಿಲ್ಲದ ಗಿಡ ಆರಿಸಿ.

ಆಮೇಲೆ ನೀರು ಹಾಕುವ ರೀತಿ. ಮೂರು ದಿನ ಮರೆತು ನಾಲ್ಕನೇ ದಿನ ಬಕೆಟ್ ಸುರಿಯುವವರ ಗಿಡದಲ್ಲಿ ಮೊಗ್ಗು ನಿಲ್ಲುವುದಿಲ್ಲ. ಬೆರಳು ಒಂದು ಇಂಚು ಇಳಿಸಿ ನೋಡಿ, ಒಣಗುತ್ತಾ ಬಂದಾಗ ಹಾಕಿ. ಬುಡಕ್ಕೆ ಎರಡು ಇಂಚು ದರಗು ಮುಚ್ಚಿ. ಮಾರ್ಚ್, ಏಪ್ರಿಲ್‌ನಲ್ಲಿ ಬೆಂಗಳೂರಿನ ಗಾಳಿ ಒಣಗಿರುತ್ತದೆ. ಆಗ ಮಧ್ಯಾಹ್ನದ ಬಿಸಿಲು ತಪ್ಪಿಸಿ, ಬೆಳಗಿನ ನಾಲ್ಕೈದು ಗಂಟೆ ಬಿಸಿಲು ಸಾಕು. ಕುಂಡಗಳನ್ನು ಗುಂಪಾಗಿ ಇಟ್ಟರೆ ತೇವ ಉಳಿಯುತ್ತದೆ.

ಇವೆರಡೂ ಸರಿ ಅನ್ನಿಸಿದರೆ ಉದುರಿದ ಮೊಗ್ಗೊಂದನ್ನು ಬಿಳಿ ಹಾಳೆಯ ಮೇಲೆ ಬಿಡಿಸಿ ತಟ್ಟಿ. ದಾರದ ಚೂರಿನಷ್ಟು ಸಣ್ಣ ಹುಳ ಓಡಾಡಿದರೆ ಥ್ರಿಪ್ಸ್. ಮೊಗ್ಗಿಗೆ ತೂತಿದ್ದರೆ ಕೊರಕ ಹುಳ, ಅಂಥ ಮೊಗ್ಗು ಕಿತ್ತು ತಾರಸಿಯಿಂದ ಹೊರಗೆ ಹಾಕಿ.

ಮೊಗ್ಗೇ ಬರುತ್ತಿಲ್ಲವಾ? ಕತ್ತರಿ ಯಾವಾಗ ಹಾಕಿದಿರಿ ಅಂತ ನೆನಪಿಸಿಕೊಳ್ಳಿ. ಹೂ ಮುಗಿದ ಕೂಡಲೇ ಸವರಬೇಕು. ದೀಪಾವಳಿ ಕಳೆದ ಮೇಲೆ ಚೆಂದ ಕಾಣಲಿ ಅಂತ ಸವರಿದರೆ ಮುಂದಿನ ಹೂವನ್ನೇ ಕತ್ತರಿಸಿದ ಹಾಗೆ. ರಾತ್ರಿ 15ರಿಂದ 18 ಡಿಗ್ರಿ ತಂಪು ಇದ್ದರೆ ಮೊಗ್ಗು ಚೆನ್ನಾಗಿ ಕಟ್ಟುತ್ತದೆ. ಈ ವಿಷಯದಲ್ಲಿ ಬೆಂಗಳೂರು, ಮೈಸೂರಿನ ಚಳಿಗಾಲ ಗಂಧರಾಜಕ್ಕೆ ಹೇಳಿ ಮಾಡಿಸಿದ್ದು. ಯೂರಿಯಾ ಜಾಸ್ತಿ ಹಾಕಿದ್ದರೆ ಮಾತ್ರ ಗಿಡ ಎಲೆ ಮಾಡಿಕೊಂಡೇ ಕೂರುತ್ತದೆ.

ಅರಳಿದ ಹೂ ಎರಡು ಮೂರು ದಿನಕ್ಕೆ ಕೆನೆ ಬಣ್ಣಕ್ಕೆ, ಆಮೇಲೆ ಹಳದಿಗೆ ತಿರುಗುವುದು ರೋಗ ಅಲ್ಲ. ಹೂವಿಗೆ ವಯಸ್ಸಾಯಿತು, ಅಷ್ಟೆ.

ಅಂಟು, ಕಪ್ಪು ಮಸಿ, ಇರುವೆ

ಎಲೆ ಮೇಲೆ ಮಸಿ ಬಳಿದ ಹಾಗಿದ್ದರೆ ಬೆರಳಲ್ಲಿ ಉಜ್ಜಿ. ಒರೆಸಿದರೆ ಹೋಗುತ್ತದಲ್ವಾ? ಅದು ಬೂಷ್ಟು, ಎಲೆಯ ಮೇಲಿನ ಸಿಹಿ ಅಂಟಿನ ಮೇಲೆ ಬೆಳೆದದ್ದು. ಅಂಟು ಸುರಿಸಿದವರು ಬೇರೆ. ಎಲೆ ಅಡಿ ತಿರುಗಿಸಿ ನೋಡಿ. ಹತ್ತಿಯ ಹಾಗಿದ್ದರೆ ಹಿಟ್ಟು ತಿಗಣೆ, ಕಂದು ಹುರುಪೆಯ ಹಾಗೆ ಅಂಟಿದ್ದರೆ ಶಲ್ಕ ಕೀಟ, ಅಲ್ಲಾಡಿಸಿದಾಗ ಬಿಳಿ ಪುಡಿ ಹಾರಿದರೆ ಬಿಳಿ ನೊಣ. ಕಾಂಡದ ಮೇಲೆ ಇರುವೆ ಸಾಲು ಇದ್ದೇ ಇರುತ್ತದೆ. ಅಂಟಿನ ಆಸೆಗೆ ಇರುವೆ ಈ ತಿಗಣೆಗಳನ್ನು ದನ ಕಾದ ಹಾಗೆ ಕಾಯುತ್ತದೆ. ಇರುವೆ ತಡೆಯದೆ ಔಷಧಿ ಹೊಡೆದರೆ ಹದಿನೈದು ದಿನಕ್ಕೆ ಮತ್ತೆ ಅದೇ.

ಮೊದಲು ನೀರಿನ ಪೈಪಿನಿಂದ ಜೋರಾಗಿ ತೊಳೆಯಿರಿ. ಆಮೇಲೆ ಲೀಟರಿಗೆ 5 ಮಿಲಿ ಬೇವಿನ ಎಣ್ಣೆ, ಅರ್ಧ ಚಮಚ ಪಾತ್ರೆ ತೊಳೆಯುವ ದ್ರವ. ಸಂಜೆ, ಎಲೆ ಅಡಿಗೆ ತಾಗುವ ಹಾಗೆ, ವಾರಕ್ಕೊಮ್ಮೆ ಮೂರು ಸಲ. ಬಿಸಿಲಲ್ಲಿ ಹೊಡೆದರೆ ಎಲೆ ಸುಡುತ್ತದೆ.

ರಾತ್ರೋರಾತ್ರಿ ಎಲೆಗಳೇ ಮಾಯವಾಗಿದ್ದರೆ ಬಾಲದಲ್ಲಿ ಕೊಂಬಿರುವ ದಪ್ಪ ಹಸಿರು ಹುಳ ಹುಡುಕಿ. ಗಂಧರಾಜ, ಕಾಫಿ, ಕೇಪಳ ಮೂರೂ ಒಂದೇ ಕುಟುಂಬದವು, ಈ ಹುಳಕ್ಕೆ ಆ ಕುಟುಂಬವೇ ಇಷ್ಟ. ಕೈಯಲ್ಲೇ ಆರಿಸಿ ತೆಗೆಯಿರಿ. ಕೊಂಬು ಚುಚ್ಚುವುದಿಲ್ಲ. ಬೆಳೆದರೆ ಗಾಜಿನಂಥ ರೆಕ್ಕೆಯ, ಹಗಲಲ್ಲಿ ಹಾರುವ ಚೆಂದದ ಪತಂಗವಾಗುತ್ತದೆ. ನಾನು ಒಂದೆರಡನ್ನು ಬಿಟ್ಟುಬಿಡುತ್ತೇನೆ.

ಎಲೆಯ ಅಂಚು ಒಣಗಿ ಕಂದಾಗಿದ್ದರೆ ಉಪ್ಪು ಜಾಸ್ತಿ, ಕುಂಡದಿಂದ ಧಾರಾಳವಾಗಿ ಹರಿದುಹೋಗುವಷ್ಟು ಮಳೆ ನೀರು ಸುರಿದು ತೊಳೆಯಿರಿ. ಎಲೆ ಮಧ್ಯದಲ್ಲಿ ಬಿಳಿಚಿದ ಕಲೆ ಇದ್ದರೆ ಬಿಸಿಲು ಹೊಡೆದಿದೆ.

ಗಿಡ ಉಳಿಯುವುದು ಅನುಮಾನ ಅನ್ನಿಸಿದರೆ ಚಿಕಿತ್ಸೆ ಶುರುಮಾಡುವ ಮುಂಚೆಯೇ ಆರೋಗ್ಯವಾಗಿ ಕಾಣುವ ರೆಂಬೆಯಿಂದ ನಾಲ್ಕೈದು ಕಡ್ಡಿ ತೆಗೆದಿಡಿ. ಪೆನ್ಸಿಲ್‌ಗಿಂತ ತೆಳುವಾದ, ಅರ್ಧ ಬಲಿತ, ನಾಲ್ಕು ಇಂಚಿನ ಕಡ್ಡಿ. ಕೆಳಗಿನ ಎಲೆ ತೆಗೆದು ತೊಳೆದ ಕೊಕೊಪೀಟ್‌ಗೆ ಸಿಕ್ಕಿಸಿ, ಮೇಲೆ ತಳ ಕತ್ತರಿಸಿದ ಪ್ಲಾಸ್ಟಿಕ್ ಬಾಟಲಿ ಬೋರಲು ಹಾಕಿ, ಬಿಸಿಲು ತಾಗದ ಕಡೆ ಇಡಿ. ಜೂನ್‌ನಿಂದ ಆಗಸ್ಟ್‌ವರೆಗೆ ಮಾಡಿದರೆ ಒಂದೂವರೆ ತಿಂಗಳಲ್ಲಿ ಬೇರು ಬರುತ್ತದೆ. ಎಳೆದು ನೋಡುವ ಚಟ ಬೇಡ. ಹೊಸ ಚಿಗುರು ಬಂದ ಮೇಲೆ ಬಾಟಲಿ ತೆಗೆಯಿರಿ, ಮಳೆ ನೀರನ್ನೇ ಹಾಕಿ.